ಅಳೆಯಬಾರದ ಬುಟ್ಟಿ

ಬೊಮ್ಮಪ್ಪ ಮತ್ತೊಂದು ಬಿದಿರಿಗೆ ಮಚ್ಚು ಬೀಸಿದ. ಏಟು ಗಂಟಿನ ಮೇಲೆ ಬಿದ್ದು ಜಾರಿ, ಅಂಗಳದ ಕಲ್ಲಿಗೆ ತಾಗಿ ಕಿಡಿ ಹಾರಿತು. ಚಟ್ಟಕ್ಕೆ ಹಗ್ಗ ಹೊಸೆಯುತ್ತ ಕೂತಿದ್ದವರು ಕಾಲು ಹಿಂದಕ್ಕೆ ಎಳೆದುಕೊಂಡರು. ಮಚ್ಚು ನಮಗೆ ಕೊಡು ಎಂದು ಕೇಳಿದ ಒಬ್ಬಿಬ್ಬರು ಆಗಲೇ ಬೈಸಿಕೊಂಡಿದ್ದರು. ಇನ್ನು ಯಾರೂ ಕೇಳುವ ಹಾಗಿರಲಿಲ್ಲ. ಗುಮ್ಮಘಟ್ಟದ ಕಡೆಯ ತನ್ನ ಹಟ್ಟಿಯಿಂದ ನಸುಕಿನಲ್ಲೇ ಗಾಡಿ ಕಟ್ಟಿಸಿಕೊಂಡು ರಾಯದುರ್ಗಕ್ಕೆ ಬಂದಿದ್ದ ಆ ಮುದುಕ ಗಾಡಿಯಿಂದ ಇಳಿದವನೇ ಯಾರನ್ನೂ ಮಾತಾಡಿಸದೆ ಬಿದಿರಿನ ರಾಶಿಯ ಬಳಿ ಹೋಗಿದ್ದ. ಒಳಗೆ ಅವನ ತಮ್ಮ, ಲೆಕ್ಕದ ಮೇಷ್ಟ್ರು ಉಜ್ಜಿನಪ್ಪ, ಚಾಪೆಯ ಮೇಲೆ ಮಲಗಿದ್ದ. ಹದಿನೆಂಟು ವರ್ಷದಿಂದ ಅಣ್ಣ ನೋಡದೆ ಬಿಟ್ಟ ಮುಖ ಅದು. ಇವತ್ತೂ ನೋಡಲು ಅವನಿಗೆ ಅವಸರವಿದ್ದಂತೆ ಕಾಣಲಿಲ್ಲ.

"ಗಿಡ್ಡ ಆತಲ್ಲೋ ಬೊಮ್ಮಪ್ಪ," ಎಂದ ಸೂರಪ್ಪ. ಹಟ್ಟಿಯ ಬೀರಪ್ಪನ ಗುಡಿಯ ಕೀಲಿಕೈ ಈಗ ಅವನ ಸೊಂಟದಲ್ಲಿತ್ತು. ದೇವರ ಭಂಡಾರದ, ಅಂದರೆ ಅರಿಶಿನಪುಡಿಯ, ಚೀಲ ಹಿಡಿದು ಹಿಂದಿನ ಗಾಡಿಯಲ್ಲಿ ಬಂದಿದ್ದ. "ಮೇಷ್ಟ್ರು ಉದ್ದನ್ನ ಆಸಾಮಿ. ಮಣಕಾಲು ಮಡಿಸಿ ಕಳಸ್ತೀಯೇನು? ನಿನ್ನ ಅಳತಿ ಯಾವಾಗ್ಲೂ ಕಮ್ಮೀನ ಬರ್ತೈತಿ ನೋಡು."

ಯಾರೋ ನಕ್ಕು, ಸಾವಿನ ಮನೆಯೆಂಬುದು ನೆನಪಾಗಿ ಕೆಮ್ಮಿದರು.

"ನಿನಗೂ ಒಂದು ಕಡದು ಇಟ್ಟಿರ್ತೀನಿ, ತಡಿ," ಎಂದ ಬೊಮ್ಮಪ್ಪ ತಲೆಯೆತ್ತದೆ. "ಅದು ಉದ್ದನ್ನದ ಇರ್ತೈತಿ."

ಜುಂಜಮ್ಮ ಹೊಸ್ತಿಲಿಗೆ ಬಂದು ನಿಂತಳು. ಈ ಅಣ್ಣತಮ್ಮಂದಿರ ನಡುವೆ ಹುಟ್ಟಿದವಳು ಅವಳು. ಒಬ್ಬನಿಗೆ ತಂಗಿ, ಇನ್ನೊಬ್ಬನಿಗೆ ಅಕ್ಕ. ಹದಿನೆಂಟು ವರ್ಷ ಎರಡೂ ಮನೆಗೆ ಹಬ್ಬದ ಹೋಳಿಗೆ ಹೊತ್ತು, ಈ ಮನೆಯ ಮಾತು ಆ ಮನೆಯಲ್ಲಿ ಆಡದೆ ಬಂದವಳು. ಅತ್ತು ಅತ್ತು ಅವಳ ದನಿ ಒಡೆದಿತ್ತು.

"ಒಳಗ ಬಾ ಅಣ್ಣಾ. ನೀರು ಹಾಕಾಕತ್ತೀವಿ."

"ಬಿದಿರು ಕಡಿಯಾಕ ಬಂದೀನಿ. ಕಡೀತೀನಿ, ಹೊರ್ತೀನಿ, ಮಣ್ಣು ಹಾಕ್ತೀನಿ. ಮತ್ತೇನು ಬೇಕು?"

"ನಡುದಾರ್ಯಾಗ ಕರಿಯೋರು ಯಾರು?"

ಹಗ್ಗ ಹೊಸೆಯುವ ಕೈಗಳು ನಿಂತವು. ಎಲ್ಲರ ಮನಸ್ಸಿನಲ್ಲೂ ಇದ್ದದ್ದು ಅದೇ. ಅವರ ಕುಲದಲ್ಲಿ ಹೆಣವನ್ನು ಒಂದೇ ಉಸುರಿಗೆ ಮಣ್ಣಿಗೆ ಒಯ್ಯುವುದಿಲ್ಲ. ಅರ್ಧ ದಾರಿಯಲ್ಲಿ ಇಳಿಸಿ, ಮುಖದ ಬಟ್ಟೆ ಸರಿಸಿ, ಮನೆಯ ಹಿರಿಯ ಬಾಗಿ ಕಿವಿಯಲ್ಲಿ ಮೂರು ಸಲ ಹೆಸರು ಹಿಡಿದು ಕರೆಯಬೇಕು. ಉಸುರು ಎಲ್ಲಾದರೂ ಅಡಗಿದ್ದರೆ ಓಗೊಡಲಿ ಎಂದು ಒಂದು. ಇಲ್ಲವಾದರೆ, ನಿನ್ನವರು ಕರೆದರು, ನೀನು ಏಳಲಿಲ್ಲ, ಇನ್ನು ಹೊರಡು ಎಂದು ಜೀವಕ್ಕೆ ಗೊತ್ತಾಗಲಿ ಎಂದು ಇನ್ನೊಂದು. ಕರೆಸಿಕೊಳ್ಳದ ಜೀವ ಆ ನಡುದಾರಿಯಲ್ಲೇ ಕೂರುತ್ತದೆ ಎನ್ನುತ್ತಾರೆ. ಉಜ್ಜಿನಪ್ಪನಿಗೆ ಮಕ್ಕಳಿರಲಿಲ್ಲ. ಕರೆಯಬೇಕಾದವನು ಬೊಮ್ಮಪ್ಪನೊಬ್ಬನೇ. ಆ ಹೆಸರನ್ನು ಇನ್ನು ನಾಲಿಗೆಗೆ ತರುವುದಿಲ್ಲ ಎಂದು ಬೀರಪ್ಪನ ಎದುರು ಭಂಡಾರ ಮುಟ್ಟಿ ಆಣೆ ಮಾಡಿದವನೂ ಅವನೇ.

"ಆಣಿ ಐತಿ," ಎಂದಷ್ಟೆ ಹೇಳಿ ಅವನು ಬಿದಿರನ್ನು ತಿರುಗಿಸಿಕೊಂಡ.

"ಅವನೂ ಹಿಂಗ ಅಂತಿದ್ದ," ಎಂದಳು ಜುಂಜಮ್ಮ. "ನಿಮ್ಮಿಬ್ಬರ ಹಠಾನ ಪಕ್ಕಾಪಕ್ಕಾ ಇಟ್ರ ಕೂದಲೆಳಿ ಫರಕು ಸಿಗಂಗಿಲ್ಲ. ಒಬ್ಬನಾರ ಸ್ವಲ್ಪ ಬ್ಯಾರೆ ಇದ್ದಿದ್ರ ಎಲ್ಲೋ ಒಂದು ಕಡೆ ಎದುರಾಗ್ತಿದ್ರಿ."

*

ಬೀರಪ್ಪನ ಗುಡಿಗೆ ಎರಡು ಬುಟ್ಟಿಗಳಿದ್ದವು, ಒಂದು ದೊಡ್ಡದು, ಒಂದು ಸಣ್ಣದು. ಸುಗ್ಗಿ ಮುಗಿದ ಮೇಲೆ ಗುಡಿಯ ಕೀಲಿಕೈಯವನು ಅವೆರಡನ್ನೂ ಕತ್ತೆಯ ಮೇಲೆ ಹೇರಿಕೊಂಡು ದೇವರ ಒಕ್ಕಲು ಮನೆಗಳಿರುವ ಊರುಗಳಿಗೆ ಹೋಗುತ್ತಿದ್ದ. ಕುರಿಹಿಂಡು ಇದ್ದ ಮನೆಯವರು ದೊಡ್ಡ ಬುಟ್ಟಿ ತುಂಬ ಜೋಳ ಕೊಡಬೇಕು; ಕೂಲಿ ಮಾಡುವ ಮನೆಯವರು ಸಣ್ಣ ಬುಟ್ಟಿ ತುಂಬ. ದೇವರ ಬುಟ್ಟಿ ಎಷ್ಟು ಹಿಡಿಯುತ್ತದೆ ಎಂದು ಯಾರೂ ಅಳೆಯಬಾರದು. ಅಳೆದರೆ ಹಿಂಡಿಗೆ ಕೇಡು. ಒಂದು ಊರಿನ ಬುಟ್ಟಿಗಳೆಲ್ಲ ತುಂಬಿ ಸುರಿದಾದ ಮೇಲೆ ಆ ರಾಶಿಯನ್ನು ಮಾತ್ರ ಅಲ್ಲಿಯ ಹಿರಿಯರು ಸೇರಿನಿಂದ ಅಳೆದು, ಇಷ್ಟಾಯಿತು ಎಂದು ಬಾಯಿಮಾತಿನಲ್ಲಿ ಹೇಳಿ ಕಳಿಸುತ್ತಿದ್ದರು. ಬೊಮ್ಮಪ್ಪನ ತಾತನ ಕಾಲದಿಂದ ಈ ಕೆಲಸ ಅವರ ಮನೆಯದು.

ಆ ವರ್ಷ ಉಜ್ಜಿನಪ್ಪನಿಗೆ ರಾಯದುರ್ಗದ ದೊಡ್ಡ ಶಾಲೆಯಲ್ಲಿ ಲೆಕ್ಕದ ಮೇಷ್ಟರ ಕೆಲಸ ಆಗಿತ್ತು. ಅವನನ್ನು ಓದಿಸಿದವನು ಬೊಮ್ಮಪ್ಪ. ತಾನು ಒಂದು ಅಕ್ಷರ ಕಲಿಯದೆ ಕುರಿಗಳ ಹಿಂದೆ ತಿರುಗಿ, ವಾರಕ್ಕೊಮ್ಮೆ ಜೋಳದ ಗಂಟು ಹೆಗಲ ಮೇಲೆ ಹೊತ್ತು ಪೇಟೆಗೆ ನಡೆದು ಅವನಿಗೆ ಕೊಟ್ಟು ಬರುತ್ತಿದ್ದ. ಗುಡಿಯಲ್ಲಿ ಒಕ್ಕಲ ಕಾಳು ಒಪ್ಪಿಸುವ ದಿನ ತಮ್ಮ ಕೋಟು ಹಾಕಿಕೊಂಡು ಬಂದು ಹಿರಿಯರ ಪಕ್ಕ ಕೂತಾಗ ಅಣ್ಣನ ಎದೆ ಉಬ್ಬಿತ್ತು.

ಬೊಮ್ಮಪ್ಪ ಎದ್ದು ನಿಂತು ಒಪ್ಪಿಸಿದ. ಗುಮ್ಮಘಟ್ಟದ ಪಕ್ಕದ ಹಟ್ಟಿಯಲ್ಲಿ ದೊಡ್ಡ ಬುಟ್ಟಿ ಎರಡು, ಸಣ್ಣ ಬುಟ್ಟಿ ಮೂರು. ಕೂಡಿ ಇಪ್ಪತ್ತನಾಲ್ಕು ಸೇರು. ಮಡಕಶಿರಾದ ಆಚೆ ಗುಡಿಬಂಡೆ ಕಡೆ ದೊಡ್ಡ ಬುಟ್ಟಿ ನಾಲ್ಕು, ಸಣ್ಣ ಬುಟ್ಟಿ ಆರು; ಕೂಡಿ ನಲವತ್ತು ಸೇರು. ಎಲ್ಲವನ್ನೂ ನೆಲದಡಿಯ ಹಗೇವಿಗೆ ಸುರಿದಾಗಿದೆ.

ಉಜ್ಜಿನಪ್ಪನ ಮುಖ ಅರಳಿತು. ಕೆಡುಕಿನ ಹಿಗ್ಗಲ್ಲ ಅದು. ಇಷ್ಟವಾದ ಆಟದ ಸಾಮಾನು ಕಂಡ ಕೂಸಿನದು. ಗುಡಿಯ ಬಂಡೆಯ ಮೇಲೆ ಇದ್ದಿಲಿನಿಂದ ಎರಡು ಸಾಲು ಬರೆದ. ಬುಟ್ಟಿ ಅಳೆಯುವುದು ಬೇಡವೇ ಬೇಡ ಎಂದ. ದೊಡ್ಡದಕ್ಕೆ ಎಕ್ಸ್ ಅನ್ನಿ, ಸಣ್ಣದಕ್ಕೆ ವೈ ಅನ್ನಿ, ಅದು ಎಷ್ಟಾದರೂ ಇರಲಿ. ಎರಡಕ್ಕೆ ನಾಲ್ಕು ಹೇಗೋ ಮೂರಕ್ಕೆ ಆರು ಹಾಗೆ, ಎರಡೂ ದುಪ್ಪಟ್ಟು. ಹಾಗಿದ್ದ ಮೇಲೆ ಕಾಳೂ ದುಪ್ಪಟ್ಟು ಆಗಬೇಕು, ನಲವತ್ತೆಂಟು. ಆಗಿಲ್ಲ. ಯಾವ ಬುಟ್ಟಿ ತಂದರೂ, ಎಂಥ ಸಂಖ್ಯೆ ಇಟ್ಟರೂ ಈ ಎರಡು ಸಾಲು ಕೂಡಿ ಬಾಳುವುದಿಲ್ಲ.

"ಇದಕ್ಕ ಉತ್ತರಾನ ಇಲ್ರಿ," ಎಂದ, ಖುಷಿಯಿಂದ.

ಹಿರಿಯರು ತಲೆದೂಗಿದರು. ಆಗ ಸೂರಪ್ಪ ಮೆಲ್ಲಗೆ ಕೇಳಿದ: "ಹಂಗಾರ ಎಂಟು ಸೇರು ಎಲ್ಲಿಗೆ ಹೋತು ಮೇಷ್ಟ್ರ?"

ಉಜ್ಜಿನಪ್ಪ ತಿರುಗಿ ಅಣ್ಣನನ್ನು ನೋಡಿದ. ಆಗ ಅವನಿಗೆ ತಾನು ಏನು ಮಾಡಿದೆ ಎಂಬುದು ತಿಳಿಯಿತು. ತಿಳಿದೂ ಬಾಯಿ ತೆರೆಯಲಿಲ್ಲ. ನನ್ನ ಅಣ್ಣ ಕದ್ದವನಲ್ಲ ಎಂಬ ಒಂದು ಮಾತು. ಬೊಮ್ಮಪ್ಪ ಆ ಒಂದು ಮಾತಿಗೆ ಕಾದ. ಬಳಿಕ ಸೊಂಟದ ಕೀಲಿಕೈ ಬಿಚ್ಚಿ ಬಂಡೆಯ ಮೇಲಿಟ್ಟು, ಭಂಡಾರಕ್ಕೆ ಕೈ ಹಾಕಿದ.

*

ಕಂಬಳಿ ಹೊದಿಸುವುದು ಹಿರಿಯನೇ ಮಾಡಬೇಕಾದ ಕೆಲಸ. ಅದಕ್ಕಾದರೂ ಒಳಗೆ ಹೋಗಲೇಬೇಕಾಯಿತು. ಬೊಮ್ಮಪ್ಪ ಹೆಗಲ ಮೇಲಿನ ಕರಿಕಂಬಳಿ ತೆಗೆದು, ಬಾಗಿಲಲ್ಲಿ ತಲೆ ತಗ್ಗಿಸಿ ನಡುಮನೆಗೆ ಬಂದ. ಮುಖ ನೋಡಬಾರದೆಂದು ಕಣ್ಣನ್ನು ಪಕ್ಕಕ್ಕೆ ಹೊರಳಿಸಿದ. ಅಲ್ಲಿ, ಜೀವ ಹೋದ ಜಾಗದಲ್ಲಿ, ಪದ್ಧತಿಯಂತೆ ಸೇರಿನ ತುಂಬ ಜೋಳ ಹಾಕಿ ಅದರ ಮೇಲೆ ದೀಪ ಇಟ್ಟಿದ್ದರು.

ಆ ಸೇರನ್ನು ನೋಡಿ ಅವನ ಕಾಲು ನಿಂತಿತು. ರಾಯದುರ್ಗದ ಸೇರು ಅಲ್ಲ ಅದು. ಬಾಯಿ ಅಗಲ, ಕಂಠಕ್ಕೆ ಕಬ್ಬಿಣದ ಪಟ್ಟಿ, ಇಲ್ಲಿಯದಕ್ಕಿಂತ ಒಂದು ಬೆರಳು ಎತ್ತರ.

"ಇದು ಎಲ್ಲೀದು?" ಎಂದ.

ತಮ್ಮನ ಹೆಂಡತಿ ಲಕ್ಷ್ಮಕ್ಕ ಹೆಣದ ತಲೆಯ ಬಳಿ ಕೂತಿದ್ದಳು. ಗುಡಿಬಂಡೆಯ ಹೆಣ್ಣು. ಈ ಕಡೆಗೆ ಬಂದು ಅಷ್ಟು ಕಾಲವಾದರೂ ಅವಳ ಮಾತು ತವರಿನದೇ. ಇಷ್ಟು ವರ್ಷದಲ್ಲಿ ಭಾವ ತನ್ನನ್ನು ಕೇಳಿದ ಮೊದಲ ಮಾತು ಇದು ಎಂಬಂತೆ ಅವಳು ತಲೆಯೆತ್ತಿದಳು.

"ನಮ್ಮೂರಿಂದು ಬಾವ. ನಮ್ಮ ಕಡೆ ಸೇರು ದೊಡ್ಡದು. ಇಲ್ಲೀದು ಆರು ಹಾಕಿದ್ರೆ ಅಲ್ಲೀದು ಐದು ಆಗ್ತೈತೆ. ಆ ಜಿಲ್ಲೆ ಬೇರೆ, ಈ ಜಿಲ್ಲೆ ಬೇರೆ. ಅಲ್ಲಿ ನಲವತ್ತು ಅಂದ್ರೆ ಇಲ್ಲಿ ನಲವತ್ತೆಂಟೇ."

"ಅವನಿಗೆ ಗೊತ್ತಿತ್ತೇನು?"

"ನಾನೇ ಹೇಳ್ದೆ."

"ಯಾವಾಗ?"

ಲಕ್ಷ್ಮಕ್ಕ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಸುಳ್ಳು ಹೇಳಬಹುದಿತ್ತು. ಹೆಣದ ಮುಂದೆ ಹೇಳಲಿಲ್ಲ.

"ಅವತ್ತೇ. ಗುಡಿಯಿಂದ ಬಂದು ಉಣ್ಣಕ್ಕೆ ಕೂತಾಗ ಹಿಂಗಾಯ್ತು ಅಂದ್ರು. ಯಾವ ಸೇರು ಅಂತ ಕೇಳಿದ್ರಾ ಅಂದೆ. ಎದ್ದು ಕೈ ತೊಳಕಂಡ್ರು. ಆಮೇಲೆ ಊಟ ಮಾಡಲಿಲ್ಲ."

ಅವತ್ತೇ. ಬೊಮ್ಮಪ್ಪ ಕಂಬಳಿಯ ಮಡಿಕೆ ಬಿಚ್ಚಿದ. ತಪ್ಪು ತಿಳಿಯದೆ ತಮ್ಮ ಸತ್ತಿದ್ದಾನೆ ಎಂದುಕೊಂಡಿದ್ದ, ಅದನ್ನಾದರೂ ಸಹಿಸಬಹುದಿತ್ತು. ತಿಳಿದು, ಉಂಡು, ಮಲಗಿ, ಎದ್ದು, ಶಾಲೆಗೆ ಹೋಗಿ ಬಂದು, ಹದಿನೆಂಟು ಸುಗ್ಗಿ ಕಳೆದಿದ್ದಾನೆ. ಅಷ್ಟೂ ಸುಗ್ಗಿಯಲ್ಲಿ ಸೂರಪ್ಪ ಬುಟ್ಟಿ ಹೇರಿಕೊಂಡು ಹೋಗುವುದನ್ನು ತಾನು ಹಟ್ಟಿಯ ಬಾಗಿಲಲ್ಲಿ ನಿಂತು ನೋಡಿದ್ದ. ಕಂಬಳಿಯನ್ನು ಹೊದಿಸಿದನೋ ಎಸೆದನೋ ಯಾರಿಗೂ ತಿಳಿಯಲಿಲ್ಲ. ಜುಂಜಮ್ಮ ಬಾಗಿ ಅಂಚು ಸರಿಮಾಡಿದಳು.

*

ಆದರೆ ಬೊಮ್ಮಪ್ಪನ ಮನೆಯ ಬಾಗಿಲ ಹಿಂದೆಯೂ ಅಂಥದೇ ಒಂದು ಸೇರು ಮೊಳೆಗೆ ನೇತಾಡುತ್ತಿತ್ತು.

ಆಣೆ ಮಾಡಿದ ಮರು ತಿಂಗಳು ಅವನು ಕಂಬಳಿ ಮಾರಲು ಮಡಕಶಿರಾದ ಸಂತೆಗೆ ಹೋಗಿದ್ದ. ಬುತ್ತಿ ಮುಗಿದು, ಒಂದು ಸೇರು ಜೋಳದ ಹಿಟ್ಟು ಕೊಂಡು ರೊಟ್ಟಿ ಮಾಡಿಕೊಂಡಾಗ ದಿನದ ಲೆಕ್ಕಕ್ಕಿಂತ ಒಂದು ರೊಟ್ಟಿ ಹೆಚ್ಚು ಬಂತು. ಆ ರೊಟ್ಟಿಯನ್ನು ಕೈಯಲ್ಲಿ ಹಿಡಿದು ಅವನು ಬಹಳ ಹೊತ್ತು ಕೂತಿದ್ದ. ಬಳಿಕ ಅಂಗಡಿಗೆ ಹೋಗಿ ಅಂಥದೊಂದು ಸೇರನ್ನೇ ಕೊಂಡು ತಂದ. ಹಿರಿಯರ ಮುಂದೆ ಅದನ್ನು ಇಟ್ಟಿದ್ದರೆ ಮುಗಿಯುತ್ತಿತ್ತು. ಇಡಲಿಲ್ಲ. ಕಳ್ಳನೆನಿಸಿದವನು ತಾನು ಕಳ್ಳನಲ್ಲ ಎಂದು ಮನೆಮನೆಗೆ ಸೇರು ಹೊತ್ತು ತಿರುಗಬೇಕೇ? ಆ ಮಾತು ಆಡಿದ ಬಾಯಿ ಅದನ್ನು ಹಿಂದಕ್ಕೆ ತೆಗೆದುಕೊಳ್ಳಬೇಕು. ಅವನು ಬರಲಿ.

ಅವನು ಬಂದಿದ್ದ. ಒಂದು ಸಲ, ಮಧ್ಯಾಹ್ನದ ಬಿಸಿಲಿನಲ್ಲಿ, ಕೊಡೆ ಹಿಡಿದು. ಕೊಡೆ ಮಡಿಸಿ, ಬಾಗಿಲಲ್ಲಿ ನಿಂತು "ಅಣ್ಣಾ" ಎಂದ. ಬೊಮ್ಮಪ್ಪ ಒಳಗೇ ಇದ್ದ. ಆ ಸೇರಿನ ಪಕ್ಕದಲ್ಲೇ, ಬಾಗಿಲ ಹಿಂದೆ, ಗೋಡೆಗೆ ಬೆನ್ನು ಕೊಟ್ಟು ನಿಂತಿದ್ದ. ತಪ್ಪಾಯಿತು ಎನ್ನಲಿ, ತೆರೆಯುತ್ತೇನೆ ಎಂದುಕೊಂಡ. ಆಚೆ ನಿಂತವನು, ಬಾಗಿಲು ತೆರೆಯಲಿ, ಹೇಳುತ್ತೇನೆ ಎಂದುಕೊಂಡಿರಬೇಕು. ಸ್ವಲ್ಪ ಹೊತ್ತಿನ ಮೇಲೆ ಕೊಡೆ ಬಿಚ್ಚುವ ಸದ್ದು, ದೂರವಾಗುವ ಹೆಜ್ಜೆಯ ಸದ್ದು ಕೇಳಿಸಿತು.

*

ಹೆಣ ಹೊರಟಿತು. ಶಾಲೆಗೆ ರಜೆ ಕೊಟ್ಟಿದ್ದರು. ಕೋಟೆ ಬೆಟ್ಟದ ಬುಡದ ದಾರಿಯಲ್ಲಿ ತೆಲುಗಿನಲ್ಲಿ ಗೋವಿಂದ ಎನ್ನುವವರು, ಕನ್ನಡದಲ್ಲಿ ಬೀರಪ್ಪನನ್ನು ಕರೆಯುವವರು ಎಲ್ಲ ಕಲೆತು ನಡೆದರು. ಚಟ್ಟದ ಮುಂದಿನ ಬಲಗೊಂಬಿಗೆ ಬೊಮ್ಮಪ್ಪ ಹೆಗಲು ಕೊಟ್ಟಿದ್ದ. ವಯಸ್ಸಾಗಿದೆ, ಬಿಡಿ ಎಂದು ಜನ ಹೇಳಿದರೂ ಬಿಡಲಿಲ್ಲ. ಜುಂಜಮ್ಮ ರಾಯದುರ್ಗದ ಸಣ್ಣ ಸೇರಿನಲ್ಲಿ ಜೋಳ ಹಿಡಿದು, ದಾರಿಯುದ್ದಕ್ಕೂ ಚೆಲ್ಲುತ್ತ ಹಿಂದೆ ಬಂದಳು. ನಡುದಾರಿಯ ತನಕ ಹೆಂಗಸರು ಬರಬಹುದು.

ಅವನ ಹಿಂದಿನ ಕೊಂಬಿಗೆ ಹೆಗಲು ಕೊಟ್ಟವನು ಸಣ್ಣಬಸಪ್ಪ. ಉಜ್ಜಿನಪ್ಪನ ಕೈಯಲ್ಲೇ ಕಲಿತು ಅದೇ ಶಾಲೆಗೆ ಮೇಷ್ಟ್ರಾದವನು. ಅಳುತ್ತಲೇ ಬರುತ್ತಿದ್ದ.

"ನಿಮ್ಮ ಬಗ್ಗೆ ಬಾಳ ಹೇಳ್ತಿದ್ರು ಯಜಮಾನ್ರ," ಎಂದ.

ಬೊಮ್ಮಪ್ಪ ನಡೆಯುತ್ತಲೇ ಇದ್ದ. ಸಣ್ಣಬಸಪ್ಪ ಹೇಳಿದ. ಉತ್ತರವಿಲ್ಲದ ಜೋಡಿ ಲೆಕ್ಕದ ಪಾಠ ಬಂದ ದಿನ ಮೇಷ್ಟ್ರು ಮನೆಯಿಂದ ಎರಡು ಸೇರು ತಂದು ಮೇಜಿನ ಮೇಲೆ ಇಡುತ್ತಿದ್ದರು, ವರ್ಷ ವರ್ಷವೂ. ಹಲಗೆಯ ಮೇಲೆ ಅದೇ ಎರಡು ಸಾಲು: ಎರಡು ಎಕ್ಸ್, ಮೂರು ವೈ, ಇಪ್ಪತ್ತನಾಲ್ಕು; ನಾಲ್ಕು ಎಕ್ಸ್, ಆರು ವೈ, ನಲವತ್ತು. ಮೊದಲ ಎರಡು ಜೋಡಿ ಒಂದೇ ಪ್ರಮಾಣದಲ್ಲಿದ್ದು ಕೊನೆಯದು ಆ ಪ್ರಮಾಣ ಬಿಟ್ಟರೆ ಉತ್ತರವಿಲ್ಲ ಎಂದು ತಿಳಿಯಿರಿ. ಗ್ರಾಫ್ ಕಾಗದದ ಮೇಲೆ ಎಳೆದರೆ ಎರಡು ಗೆರೆಗಳೂ ಒಂದೇ ವಾಲಿನಲ್ಲಿ ಪಕ್ಕಪಕ್ಕದಲ್ಲೇ ಓಡುತ್ತವೆ, ಎಲ್ಲೂ ಕೂಡುವುದಿಲ್ಲ ಎನ್ನುತ್ತಿದ್ದರು. ಎಲ್ಲರೂ ಬರೆದುಕೊಂಡ ಮೇಲೆ ದೊಡ್ಡ ಸೇರಿನ ಕಾಳನ್ನು ಸಣ್ಣ ಸೇರಿಗೆ ಸುರಿಯುತ್ತಿದ್ದರು. ಕಾಳು ಉಕ್ಕಿ ಮೇಜಿನ ಮೇಲೆಲ್ಲ ಚೆಲ್ಲುತ್ತಿತ್ತು. ಉತ್ತರವಿಲ್ಲ ಅನ್ನುವ ಮುಂಚೆ ಮೇಲಿನ ಸಾಲಿನವರೂ ಕೆಳಗಿನ ಸಾಲಿನವರೂ ಒಂದೇ ಸೇರಿನಿಂದ ಅಳೆದರೇ ಎಂದು ಕೇಳಿ, ಎನ್ನುತ್ತಿದ್ದರು. ನಾನು ಒಂದು ಸಲ ಕೇಳಲಿಲ್ಲ. ದೇವರಂಥ ನನ್ನ ಅಣ್ಣನ ಮೇಲೆ ಕಳ್ಳತನ ಹೊರಿಸಿದೆ. ಇಷ್ಟು ಹೇಳಿ ಹಲಗೆ ಒರೆಸಿ ಕೂತುಬಿಡುತ್ತಿದ್ದರು. ಆ ದಿನ ಬೇರೆ ಪಾಠ ಇರುತ್ತಿರಲಿಲ್ಲ.

ಮುದುಕನ ಮುಖಕ್ಕೆ ರಕ್ತ ಏರಿತು. ಊರಿನ ಮಕ್ಕಳಿಗೆಲ್ಲ ಹೇಳಿದ್ದಾನೆ. ಕೋಮಟಿಗರ ಮಕ್ಕಳಿಗೆ, ಅಮಲ್ದಾರನ ಮಕ್ಕಳಿಗೆ, ದಾರಿಯಲ್ಲಿ ಹೋಗುವವರ ಮಕ್ಕಳಿಗೆ. ಹೇಳದೆ ಬಿಟ್ಟದ್ದು ಒಬ್ಬನಿಗೆ ಮಾತ್ರ.

"ಮೇಜಿನ ಮ್ಯಾಲೆ ಚೆಲ್ಲಿದನಂತ," ಎಂದ, ಹಲ್ಲು ಕಡಿದು. "ನನ್ನ ಬಾಗಲಾಗ ಚೆಲ್ಲಾಕ ಏನಾಗಿತ್ತು ಅವನಿಗೆ?"

ಸಣ್ಣಬಸಪ್ಪ ಹೆದರಿದ. ಸ್ವಲ್ಪ ದೂರ ಹೋದ ಮೇಲೆ, ಹಿರಿಯರು ಎಲ್ಲರೂ ಇಲ್ಲೇ ಇದ್ದಾರೆ, ಸೂರಪ್ಪನೂ ಇದ್ದಾನೆ, ಹೆಣ ಇಳಿಸಿದಾಗ ತಾನೇ ಎಲ್ಲರ ಮುಂದೆ ಈ ಮಾತು ಹೇಳಲೇ ಎಂದು ಕೇಳಿದ.

"ನೀನು ಹೇಳಿದ್ರ ಅದು ನಿನ್ನ ಮಾತು ಆತು. ಸುಮ್ಮನ ನಡಿ."

*

ಹುಣಿಸೆಮರದ ಕೆಳಗೆ ಚಟ್ಟ ಇಳಿಸಿದರು. ಹೊತ್ತವರಲ್ಲಿ ಮುಂದಿನವರು ಹಿಂದಕ್ಕೆ, ಹಿಂದಿನವರು ಮುಂದಕ್ಕೆ ಬಂದು ನಿಂತರು. ಸೂರಪ್ಪ ಭಂಡಾರ ಎರಚಿ, ಮುಖದ ಮೇಲಿನ ಬಟ್ಟೆ ಸರಿಸಿ, ಪಕ್ಕಕ್ಕೆ ಸರಿದ. ಇನ್ನು ಯಾರೂ ಏನೂ ಮಾಡುವಂತಿರಲಿಲ್ಲ. ಎಲ್ಲರೂ ಬೊಮ್ಮಪ್ಪನ ಕಡೆ ನೋಡಿದರು.

ಅವನು ನಿಂತೇ ಇದ್ದ. ಬಿಸಿಲು ಏರುತ್ತಿತ್ತು. ಲಕ್ಷ್ಮಕ್ಕ ಹೆಂಗಸರ ನಡುವೆ ನೆಲಕ್ಕೆ ಕುಸಿದು ಕೂತಿದ್ದಳು. ಅವಳು ಬೇಡಲಿಲ್ಲ, ತಲೆಯನ್ನೂ ಎತ್ತಲಿಲ್ಲ.

"ಆಣಿ ಇದ್ದೋರನ್ನ ಬಲವಂತ ಮಾಡಬಾರದು," ಎಂದ ಸೂರಪ್ಪ ಎಲ್ಲರಿಗೂ ಕೇಳುವಂತೆ. "ಬ್ಯಾರೆ ಯಾರಾರ ಕರೀರಿ. ನಾನ ಕರೀತೀನಿ ಬೇಕಾರ."

"ನೀನು ಅವನ ಕಿವಿ ಹತ್ರ ಬಂದೀಯ ಅಂದ್ರ," ಎಂದ ಬೊಮ್ಮಪ್ಪ, "ಇಲ್ಲೇ ಎರಡು ಕುಣಿ ತೋಡಬೇಕಾಕ್ಕೈತಿ."

ಸೂರಪ್ಪ ಹಿಂದೆ ಸರಿದ. ಬೊಮ್ಮಪ್ಪ ಮಂಡಿಯೂರಿದ. ಹದಿನೆಂಟು ವರ್ಷದ ಮೇಲೆ ಆ ಮುಖವನ್ನು ನೋಡಿದ. ಅದು ಎಷ್ಟು ಮುದಿಯಾಗಿತ್ತು. ಗಲ್ಲದ ಮೇಲೆ ಗಡ್ಡದ ಬಿಳಿ ಕೂಳೆ, ಹಣೆಯಲ್ಲಿ ತಂದೆಯ ಗೆರೆಗಳೇ. ಹುಬ್ಬು ಗಂಟಿಕ್ಕಿತ್ತು, ಯಾವುದೋ ಲೆಕ್ಕ ಅರ್ಧಕ್ಕೆ ಬಿಟ್ಟವನಂತೆ. ಆ ಗಂಟು ತನ್ನ ಹಣೆಯಲ್ಲೂ ಇದೆ ಎಂಬುದು ಮುದುಕನಿಗೆ ಗೊತ್ತಿತ್ತು.

ಅವನು ಭಂಡಾರದ ಚೀಲಕ್ಕೆ ಕೈ ಚಾಚಿದ. ಸೂರಪ್ಪ ಕೊಟ್ಟ. ಒಂದು ಚಿಟಿಕೆ ತನ್ನ ನಾಲಿಗೆಯ ಮೇಲೆ ಹಾಕಿಕೊಂಡು, ಬೆಟ್ಟದ ಆಚೆ ಹಟ್ಟಿಯ ದಿಕ್ಕಿಗೆ ಕೈ ಮುಗಿದ. "ತಪ್ಪು ಹೊಟ್ಟೆಗೆ ಹಾಕ್ಕೋ ತಂದೆ," ಎಂದ. ಬಳಿಕ ಬಾಗಿದ.

"ಉಜ್ಜಿನಪ್ಪಾ."

ಕುರಿಗಳು ಬೇರೆಯವರ ಹೊಲಕ್ಕೆ ನುಗ್ಗಿದಾಗ ತಮ್ಮನನ್ನು ಕೂಗುತ್ತಿದ್ದ ದನಿ ಅದು. ಬೈಗುಳ ಮುಂದೆ ಬರಲಿದೆ ಎಂಬ ದನಿ. ಹುಣಿಸೆಮರದ ಹಕ್ಕಿಗಳು ಎದ್ದವು.

"ಉಜ್ಜಿನಪ್ಪಾ."

ಎರಡನೆಯದು ಅಷ್ಟು ಗಟ್ಟಿಯಾಗಿರಲಿಲ್ಲ. ಅದಾದ ಮೇಲೆ ಅವನು ಇನ್ನೂ ಏನೋ ಹೇಳಿದ, ಕಿವಿಗೆ ತುಟಿ ತಾಗುವಷ್ಟು ಹತ್ತಿರದಿಂದ. ಕಾಲ ಬಳಿ ನಿಂತಿದ್ದ ಜುಂಜಮ್ಮನಿಗೆ ಮಾತ್ರ ಅದು ಕೇಳಿಸಿತು.

"ನನಗೂ ಗೊತ್ತಿತ್ತಲೋ. ಬಾಗಲ ಹಿಂದ ನಿಂತಿದ್ದೆ."

ಮೂರನೆಯ ಸಲ ಕರೆದದ್ದು ಯಾರಿಗೂ ಸರಿಯಾಗಿ ಕೇಳಲಿಲ್ಲ. ತುಟಿ ಅಲುಗಿದ್ದು ಕಂಡಿತು. ಕರೆದಾಯಿತೆಂದು ಹೊರುವವರು ಬಾಗಿ ಬಿದಿರಿಗೆ ಕೈ ಹಾಕಿದರು. ಆದರೆ ಬೊಮ್ಮಪ್ಪ ಏಳಲಿಲ್ಲ. ತಲೆಯನ್ನು ಹೊರಳಿಸಿ, ತನ್ನ ಕಿವಿಯನ್ನು ತಮ್ಮನ ಬಾಯಿಯ ಮೇಲೆ ಇಟ್ಟುಕೊಂಡು, ಕಣ್ಣು ಮುಚ್ಚದೆ ಹಾಗೇ ಇದ್ದ. ಹೊರುವವರು ಕೈ ಹಿಂದಕ್ಕೆ ತೆಗೆದರು. ಜುಂಜಮ್ಮನ ಕೈಯಲ್ಲಿ ಸೇರು ವಾಲಿ, ಉಳಿದ ಜೋಳ ಕಂಬಳಿಯ ಮೇಲೆ ಜಾರುತ್ತಿತ್ತು. ಆ ಸದ್ದು ನಿಲ್ಲಲೆಂದು ಮುದುಕ ಒಂದು ಕೈ ಎತ್ತಿ ತೋರಿಸಿದ.